ಕಾಳಗ ಮುಗಿದ ಮೇಲೆ ಸಂಗೀತ ಎಲ್ಲಿಗೆ ಹೋಗಬೇಕು?

ಆಕ್ಷನ್ ಗೇಮಿನ ಒಂದು ಲೆವೆಲ್‌ಗೆ ಸಂಗೀತ ಮಾಡಲು ಕೂತಾಗ ಹೆಚ್ಚಿನವರು ಮೊದಲು ಕೈಹಾಕುವುದು ಅಬ್ಬರದ ಭಾಗಕ್ಕೆ. ಡಿಸ್ಟಾರ್ಷನ್ ಹಾಕಿದ ಬೇಸ್, ದೊಡ್ಡ ಡ್ರಮ್ಸ್, ಅದರ ಮೇಲೆ ಬ್ರಾಸ್. ಒಂದು ಭರ್ಜರಿ ತುಣುಕು ತಯಾರಾಗುತ್ತದೆ, ಹೆಡ್‌ಫೋನಿನಲ್ಲಿ ಕೇಳಿದರೆ ಮೈ ಜುಮ್ಮೆನ್ನುತ್ತದೆ. ಅದನ್ನು ಗೇಮಿನೊಳಗೆ ಹಾಕಿದ ಕೂಡಲೇ ತೊಂದರೆ ಶುರುವಾಗುತ್ತದೆ. ಕೊನೆಯ ಶತ್ರು ಬಿದ್ದಾಗಿದೆ, ಕೋಣೆ ಖಾಲಿಯಾಗಿದೆ, ಸಂಗೀತ ಮಾತ್ರ ಇನ್ನೂ ಅಬ್ಬರಿಸುತ್ತಲೇ ಇದೆ. ಅಥವಾ ನಡುವಿನಲ್ಲೇ ಟಕ್ಕನೆ ನಿಂತುಹೋಗುತ್ತದೆ.

ಸಿನಿಮಾದಲ್ಲಾದರೆ ಕಾಳಗ ಎಷ್ಟು ಸೆಕೆಂಡಿನದು ಎನ್ನುವುದು ಸಂಗೀತ ಮಾಡುವವರಿಗೆ ಮೊದಲೇ ಗೊತ್ತಿರುತ್ತದೆ. ಇಲ್ಲಿ ಒಬ್ಬರು ನುಗ್ಗಿ 20 ಸೆಕೆಂಡಿನಲ್ಲಿ ಮುಗಿಸುತ್ತಾರೆ, ಇನ್ನೊಬ್ಬರು ಕಂಬದ ಮರೆಯಲ್ಲಿ ಕೂತು ಆರು ನಿಮಿಷ ಎಳೆಯುತ್ತಾರೆ. ಇಬ್ಬರಿಗೂ ಅದೇ ಸಂಗೀತ ತಮಗಾಗಿಯೇ ಬರೆದಂತೆ ಕೇಳಿಸಬೇಕು. ತೀವ್ರತೆಯನ್ನು ಏರಿಸುವುದು ಈ ಕೆಲಸದ ಸುಲಭದ ಪಾಲು. ಇಳಿಯುವ ದಾರಿಗಳನ್ನು ಬರೆಯುವುದರಲ್ಲೇ ನಿಜವಾದ ಸಂಯೋಜನೆ ಇದೆ ಎಂದು ನಾನು ನಂಬುತ್ತೇನೆ. ಇಳಿಯಲು ಜಾಗವಿಲ್ಲದ ಸಂಗೀತಕ್ಕೆ ಏರಲೂ ಜಾಗ ಉಳಿಯುವುದಿಲ್ಲ.

ಆಟಕ್ಕೆ ತಕ್ಕಂತೆ ಬದಲಾಗುವ ಸಂಗೀತ ಹೊಸದೇನಲ್ಲ. 1978ರ ಸ್ಪೇಸ್ ಇನ್ವೇಡರ್ಸ್‌ನಲ್ಲಿ ಇದ್ದದ್ದು ಮತ್ತೆ ಮತ್ತೆ ಬರುವ ನಾಲ್ಕೇ ಸ್ವರ. ಶತ್ರುಗಳು ಕಡಿಮೆಯಾದಂತೆ ಅದರ ವೇಗ ಹೆಚ್ಚುತ್ತಿತ್ತು, ಆಡುವವರ ಎದೆಬಡಿತವೂ ಜೊತೆಗೆ ಏರುತ್ತಿತ್ತು. 1991ರಲ್ಲಿ ಲೂಕಾಸ್‌ಆರ್ಟ್ಸ್‌ನ ಮೈಕಲ್ ಲ್ಯಾಂಡ್ ಮತ್ತು ಪೀಟರ್ ಮೆಕಾನೆಲ್ ರೂಪಿಸಿದ ಐಮ್ಯೂಸ್ ವ್ಯವಸ್ಥೆ ಮಂಕಿ ಐಲ್ಯಾಂಡ್‌ನ ಎರಡನೇ ಗೇಮಿನಲ್ಲಿ ಬಳಕೆಗೆ ಬಂತು. ಒಂದು ಜಾಗದ ಸಂಗೀತದಿಂದ ಇನ್ನೊಂದರದಕ್ಕೆ ಲಯ ಕೆಡದಂತೆ ದಾಟುವುದು ಅದರ ಹೆಚ್ಚುಗಾರಿಕೆ. ಅದು ಮಿಡಿ (MIDI) ಕಾಲ. ಸ್ವರಗಳು ಬರೀ ಸೂಚನೆಗಳಾಗಿದ್ದುದರಿಂದ ವೇಗವನ್ನಾಗಲಿ ವಾದ್ಯವನ್ನಾಗಲಿ ಆ ಕ್ಷಣದಲ್ಲೇ ಬದಲಿಸಬಹುದಿತ್ತು. ಈಗ ನಾವು ಕೊಡುವುದು ರೆಕಾರ್ಡ್ ಆದ ಆಡಿಯೊ. ಧ್ವನಿಯ ಗುಣಮಟ್ಟ ಎಷ್ಟೋ ಮೇಲು, ಆದರೆ ಬಗ್ಗುವ ಗುಣ ಕಡಿಮೆ. ಬಗ್ಗಬೇಕಾದ ಜಾಗಗಳನ್ನೆಲ್ಲ ಮೊದಲೇ ಯೋಚಿಸಿ ಬರೆದಿಡಬೇಕು.

ಹಾಗಾಗಿ ಟೆಂಪೊ (ಸಂಗೀತದ ವೇಗ) ಮೊದಲು, ಟ್ಯೂನ್ ಆಮೇಲೆ. ಇಡೀ ಲೆವೆಲ್‌ಗೆ ಒಂದೇ ಟೆಂಪೊ, ಒಂದೇ ಶ್ರುತಿ ಇಟ್ಟುಕೊಂಡರೆ ಯಾವ ತುಣುಕಿನ ಮೇಲೆ ಯಾವುದನ್ನು ಬೇಕಾದರೂ ಕೂರಿಸಬಹುದು. 2010ರ ರೆಡ್ ಡೆಡ್ ರಿಡೆಂಪ್ಷನ್‌ಗೆ ಬಿಲ್ ಎಲ್ಮ್ ಮತ್ತು ವುಡಿ ಜಾಕ್ಸನ್ ಮಾಡಿದ ಸಂಗೀತದ ಬಹುಪಾಲು 130 ಬಿಪಿಎಂನಲ್ಲಿ (ನಿಮಿಷಕ್ಕೆ 130 ಬೀಟ್), ಎ ಮೈನರ್‌ನಲ್ಲಿ ಇರುವುದು ಈ ಕಾರಣಕ್ಕೇ. ಬಿಗಿಯಾದ ಕಾಳಗಕ್ಕೆ 150 ಬಿಪಿಎಂ ನನಗೆ ತುಂಬ ಹಿಡಿಸುವ ವೇಗ. 48 ಕಿಲೋಹರ್ಟ್ಸ್‌ನಲ್ಲಿ, ಅಂದರೆ ಸೆಕೆಂಡಿಗೆ ದನಿಯ 48,000 ಸ್ಯಾಂಪಲ್ ತೆಗೆದಾಗ, ಒಂದು ಬೀಟ್ ಸರಿಯಾಗಿ 19,200 ಸ್ಯಾಂಪಲ್, ನಾಲ್ಕು ಬೀಟಿನ ಬಾರ್ 76,800 ಸ್ಯಾಂಪಲ್, ಅಂದರೆ 1.6 ಸೆಕೆಂಡು. ಎಲ್ಲೂ ಭಿನ್ನಾಂಕವಿಲ್ಲ. 140 ಇಟ್ಟರೆ ಒಂದು ಬೀಟಿಗೆ 20,571.43 ಸ್ಯಾಂಪಲ್ ಬರುತ್ತದೆ. ಡಿಎಡಬ್ಲ್ಯೂ (ಸಂಗೀತ ರೆಕಾರ್ಡ್ ಮಾಡಿ ಜೋಡಿಸುವ ಸಾಫ್ಟ್‌ವೇರ್) ಫೈಲನ್ನು ಪೂರ್ಣಾಂಕಕ್ಕೆ ಕತ್ತರಿಸುತ್ತದೆ. ಬೇರೆ ಬೇರೆ ಉದ್ದದ ಫೈಲುಗಳು ಬೇರೆ ಬೇರೆ ಕಡೆ ಕತ್ತರಿಸಲ್ಪಟ್ಟು ಸುತ್ತು ಹೊಡೆದಂತೆಲ್ಲ ಒಂದರಿಂದೊಂದು ಚೂರುಚೂರೇ ಸರಿಯುತ್ತವೆ. ಹತ್ತು ಸುತ್ತಿಗೆ ಗೊತ್ತಾಗದಿರಬಹುದು. ಆದರೆ ಒಂದೇ ಕಿಕ್ (ಕಾಲಿನಿಂದ ಬಾರಿಸುವ ದಪ್ಪ ಡ್ರಮ್) ಎರಡು ಫೈಲಿನಲ್ಲಿದ್ದರೆ ಕೆಲವೇ ಸ್ಯಾಂಪಲ್‌ಗಳ ವ್ಯತ್ಯಾಸಕ್ಕೂ ಅದರ ದನಿ ತೆಳ್ಳಗಾಗುತ್ತದೆ. 150ರ ಇನ್ನೊಂದು ಅನುಕೂಲವೆಂದರೆ, ಶಾಂತ ಭಾಗದಲ್ಲಿ ಸ್ನೇರ್ ಡ್ರಮ್ ಅನ್ನು ಅರ್ಧ ವೇಗಕ್ಕೆ ಇಟ್ಟರೆ ಅದೇ ಗ್ರಿಡ್ 75ರಂತೆ ಕೇಳಿಸುತ್ತದೆ. ವೇಗ ಬದಲಾಗದೆಯೇ ಉಸಿರು ನಿಧಾನವಾಗುತ್ತದೆ.

ಈಗ ಒಂದು ಲೆವೆಲ್ ಎದುರಿಗಿಟ್ಟುಕೊಳ್ಳೋಣ. ಪಾಳುಬಿದ್ದ ಕಾರ್ಖಾನೆ, ಉದ್ದನೆಯ ಕಾರಿಡಾರ್, ಅದರ ಕೊನೆಗೆ ದೊಡ್ಡ ಹಾಲ್, ಹಾಲ್‌ನಲ್ಲಿ ಮೂರು ಅಲೆಗಳಲ್ಲಿ ಬರುವ ಶತ್ರುಗಳು. ಡಿ ಮೈನರ್, 32 ಬಾರ್‌ನ ಲೂಪ್ (ಸುತ್ತಿ ಸುತ್ತಿ ನುಡಿಯುವ ತುಣುಕು), 51.2 ಸೆಕೆಂಡು. ಇದಕ್ಕೆ ಐದು ಪದರ. ಒಂದನೆಯದು ತಳದಲ್ಲಿ ಮಿಡಿಯುವ ಸಿಂತ್, ಸದಾ ಇರುವಂಥದ್ದು. ಎರಡನೆಯದು ದಪ್ಪ ದನಿಯ ಟಾಮ್‌ಗಳು. ಮೂರನೆಯದು ಬೇಸ್ ಮತ್ತು ಕೆಳಸ್ಥಾಯಿಯ ತಂತಿವಾದ್ಯಗಳ ಹದಿನಾರನೇ ಸ್ವರಗಳ ಓಟ. ನಾಲ್ಕನೆಯದು ಪೂರ್ತಿ ಡ್ರಮ್ ಸೆಟ್. ಐದನೆಯದು ಬ್ರಾಸ್ ಮತ್ತು ಗಿಟಾರ್, ತುತ್ತತುದಿಗೆ ಮಾತ್ರ.

ಪ್ರತಿ ಪದರವೂ ಕೆಳಗಿನದರ ಜೊತೆ ಪೂರ್ಣವಾಗಿ ಕೇಳಿಸಬೇಕು. ಒಂದು ಮತ್ತು ಎರಡು ಮಾತ್ರ ನುಡಿಯುವಾಗ ಏನೋ ಕಳೆದುಹೋದಂತೆ ಅನಿಸಿದರೆ ಅದು ಪದರ ಅಲ್ಲ, ಮ್ಯೂಟ್ ಮಾಡಿದ ಮಿಕ್ಸ್. ಮೊದಲು ಪೂರ್ತಿ ಹಾಡು ಬರೆದು ಆಮೇಲೆ ಐದು ಹೋಳು ಮಾಡುವವರಿಗೆ ಆಗುವುದು ಇದೇ. ನಾನು ಮಧ್ಯದಿಂದ ಬರೆಯಲು ಹೇಳುತ್ತೇನೆ. ಮೂರನೆಯ ಪದರವನ್ನು ಮೊದಲು ಗಟ್ಟಿ ಮಾಡಿ, ಆಮೇಲೆ ಕೆಳಕ್ಕೂ ಮೇಲಕ್ಕೂ ಹೋಗಿ. ಆಟದ ಹೆಚ್ಚಿನ ಹೊತ್ತು ಕಳೆಯುವುದು ಅಲ್ಲೇ.

ಎರಡು ಸಣ್ಣ ಸಂಗತಿಗಳು ಇಲ್ಲಿ ದೊಡ್ಡ ವ್ಯತ್ಯಾಸ ಮಾಡುತ್ತವೆ. ಸಿಂತ್, ತಂತಿವಾದ್ಯಗಳು ಒಂದು ಬಾರಿನಷ್ಟು ಹೊತ್ತಿನಲ್ಲಿ ನಿಧಾನಕ್ಕೆ ಏರಿಬರಬಹುದು. ಡ್ರಮ್ಸ್ ಹಾಗೆ ಬರಬಾರದು. ಮೆಲ್ಲಗೆ ಕೇಳಿ ಜೋರಾಗುವ ಕಿಕ್‌ಗೆ ಜೀವ ಇರುವುದಿಲ್ಲ. ಬಾರಿನ ಮೊದಲ ಬೀಟಿಗೆ ಪೂರ್ತಿ ದನಿಯಲ್ಲೇ ಒಳಗೆ ಬರಲಿ, ಅದಕ್ಕೆ ಮುಂಚಿನ ಒಂದು ಬೀಟಿನ ಡ್ರಮ್ ಫಿಲ್ ಬೇರೆ ಫೈಲಾಗಿ ಸಿದ್ಧವಿರಲಿ. ಇನ್ನೊಂದು, ಲೂಪಿನ ಉದ್ದ. ಸ್ವರಮೇಳ (ಕಾರ್ಡ್) ಇರುವ ಪದರಗಳೆಲ್ಲ 32 ಬಾರ್‌ನವೇ ಆಗಿರಬೇಕು. ಆದರೆ ಟಾಮ್‌ಗಳ ಪದರವನ್ನು 24 ಬಾರ್‌ಗೆ ಬರೆದರೆ ಎರಡೂ ಮತ್ತೆ ಒಂದೇ ಜಾಗದಲ್ಲಿ ಸೇರಲು 96 ಬಾರ್ ಬೇಕು, ಅಂದರೆ 153.6 ಸೆಕೆಂಡು. ಹೆಚ್ಚು ಬರೆಯದೆಯೇ ಕಿವಿಗೆ ಪುನರಾವರ್ತನೆ ಮೂರು ಪಟ್ಟು ದೂರ ಸರಿಯುತ್ತದೆ. ನೆನಪಿನಲ್ಲಿ ಉಳಿಯುವ ಮಧುರವಾದ ಸಾಲು ಇದ್ದರೆ ಅದನ್ನು ಲೂಪಿನೊಳಗೆ ಇಡಲೇಬೇಡಿ. ಹತ್ತನೇ ಸಲ ಕೇಳುವಾಗ ಅದೇ ಸಾಲು ತಲೆನೋವಾಗುತ್ತದೆ. ಅದು ಮೂರನೇ ಅಲೆಗೆ, ಒಂದೇ ಸಲಕ್ಕೆ ಮೀಸಲು.

ಯಾವ ಪದರ ಯಾವಾಗ ಎನ್ನುವುದನ್ನು ಗೇಮ್ ಹೇಳಬೇಕು, ಹೇಗೆ ಹೇಳಬೇಕೆಂದು ಸಂಗೀತದವರು ಕೂತು ಬರೆದುಕೊಡಬೇಕು. ಇದನ್ನು ಪ್ರೋಗ್ರಾಮರ್‌ಗೆ ಬಿಟ್ಟುಬಿಡುವುದು ದೊಡ್ಡ ತಪ್ಪು. ಸೊನ್ನೆಯಿಂದ ನೂರರವರೆಗಿನ ಒಂದು ತೀವ್ರತೆಯ ಅಂಕ ಸಾಕು. ಸಂಗೀತವನ್ನು ಗೇಮಿಗೆ ಜೋಡಿಸುವ ಸಾಫ್ಟ್‌ವೇರ್‌ಗಳಾದ ವೈಸ್‌ನಲ್ಲಾಗಲಿ ಎಫ್‌ಮೋಡ್‌ನಲ್ಲಾಗಲಿ ಅದೊಂದು ಪ್ಯಾರಾಮೀಟರ್. ಆರಂಭಕ್ಕೆ ಹೀಗಿಡಬಹುದು: ಆಟಗಾರನನ್ನು ಗಮನಿಸಿರುವ ಪ್ರತಿ ಶತ್ರುವಿಗೆ, ಹತ್ತು ಮೀಟರಿನೊಳಗಿದ್ದರೆ 15, ಆಚೆಗಿದ್ದರೆ 8, ಭಾರೀ ಶತ್ರುವಿಗೆ ಎಲ್ಲಿದ್ದರೂ 30, ಕಳೆದ ಮೂರು ಸೆಕೆಂಡಿನಲ್ಲಿ ಏಟು ಬಿದ್ದಿದ್ದರೆ 10, ಆರೋಗ್ಯ 30 ಶೇಕಡಾಕ್ಕಿಂತ ಕೆಳಗಿದ್ದರೆ ಇನ್ನೊಂದು 10. ಗಮನಿಸಿರುವ ಎನ್ನುವ ಮಾತು ಮುಖ್ಯ. ಹುಟ್ಟಿಕೊಂಡ ಶತ್ರುಗಳನ್ನೆಲ್ಲ ಎಣಿಸಿದರೆ ಬಾಗಿಲಾಚೆ ಯಾರೋ ಕಾದಿದ್ದಾರೆ ಎನ್ನುವುದನ್ನು ಸಂಗೀತವೇ ಬಿಟ್ಟುಕೊಡುತ್ತದೆ. ಕೆಲವು ಲೆವೆಲ್‌ಗಳಿಗೆ ಅದು ಬೇಕಾಗಿರಬಹುದು, ಹಾಗಿದ್ದರೆ ಬೇಕೆಂದೇ ಮಾಡಿದ್ದಾಗಿರಲಿ.

ಎರಡನೇ ಪದರ 20ಕ್ಕೆ, ಮೂರನೆಯದು 45ಕ್ಕೆ, ನಾಲ್ಕನೆಯದು 70ಕ್ಕೆ, ಐದನೆಯದು 88ಕ್ಕೆ ಒಳಗೆ ಬರಲಿ. ಇಷ್ಟೇ ಇಟ್ಟುಕೊಂಡರೆ ಏನಾಗುತ್ತದೆ ನೋಡಿ. ಮೂವರು ಶತ್ರುಗಳು ಹತ್ತಿರವಿದ್ದಾರೆ, ಅಂಕ 45, ಮೂರನೇ ಪದರ ಬಂತು. ಅವರಲ್ಲೊಬ್ಬ ಎರಡು ಹೆಜ್ಜೆ ಹಿಂದೆ ಹೋಗಿ ಹತ್ತು ಮೀಟರಿನ ಗೆರೆ ದಾಟಿದ. ಅಂಕ 38, ಪದರ ಹೋಯಿತು. ಮತ್ತೆ ಮುಂದೆ ಬಂದ, ಮತ್ತೆ ಬಂತು. ಕೆಟ್ಟುಹೋದ ಸ್ವಿಚ್ಚಿನಂತೆ ಸಂಗೀತ ಮಿಣುಕತೊಡಗುತ್ತದೆ. ಅದಕ್ಕೇ ಹೋಗುವ ಗೆರೆ ಬರುವ ಗೆರೆಗಿಂತ ಕೆಳಗಿರಬೇಕು: 20ಕ್ಕೆ ಬಂದದ್ದು 10ಕ್ಕಿಂತ ಕೆಳಗೆ, 45ಕ್ಕೆ ಬಂದದ್ದು 30ಕ್ಕಿಂತ ಕೆಳಗೆ, 70ರದ್ದು 55ಕ್ಕಿಂತ, 88ರದ್ದು 75ಕ್ಕಿಂತ ಕೆಳಗಿಳಿದಾಗಲೇ ಹೊರಡಲಿ. ಈಗ 38ಕ್ಕೆ ಇಳಿದರೂ ಮೂರನೇ ಪದರ ಅಲುಗುವುದಿಲ್ಲ. ಜೊತೆಗೆ ಅಂಕ ಏರಲು ಅರ್ಧ ಸೆಕೆಂಡು, ಇಳಿಯಲು ಆರೇಳು ಸೆಕೆಂಡು ಹಿಡಿಯುವಂತೆ ಮೃದುಗೊಳಿಸಿ. ಅಪಾಯ ಥಟ್ಟನೆ ಬರುತ್ತದೆ, ನೆಮ್ಮದಿ ನಿಧಾನಕ್ಕೆ. ಮನುಷ್ಯರ ಮೈಯೂ ಹಾಗೇ ಕೆಲಸ ಮಾಡುವುದು.

ಇಷ್ಟಾದರೂ ಈ ಕ್ಷೇತ್ರದ ಹಳೆಯ ಕಾಯಿಲೆಯೊಂದು ಉಳಿದಿರುತ್ತದೆ. ಭಾರೀ ಶತ್ರುವೊಬ್ಬ ಪೆಟ್ಟಿಗೆಗಳ ಹಿಂದೆ ಸಿಕ್ಕಿಹಾಕಿಕೊಂಡಿದ್ದಾನೆ. ಆಟಗಾರನಿಗೆ ಅವನು ಕಾಣುವುದಿಲ್ಲ, ಅವನು ಆಟಗಾರನನ್ನು ಮರೆಯುವುದಿಲ್ಲ. ಅಂಕ 30ರಲ್ಲೇ ನಿಂತಿದೆ, ಕೆಳಗಿಳಿಯದು. ಖಾಲಿ ಹಾಲ್‌ನಲ್ಲಿ ತಂತಿವಾದ್ಯಗಳು ಓಡುತ್ತಲೇ ಇರುತ್ತವೆ. ಪರಿಹಾರ: ಒಬ್ಬ ಶತ್ರು ಮತ್ತು ಆಟಗಾರನ ನಡುವೆ 15 ಸೆಕೆಂಡು ನೋಟವೂ ಇಲ್ಲ, ಏಟೂ ಇಲ್ಲ ಎಂದಾದರೆ ಸಂಗೀತದ ಲೆಕ್ಕದಿಂದ ಮಾತ್ರ ಅವನನ್ನು ಕೈಬಿಡಿ. ಗೇಮಿನ ಲೆಕ್ಕದಲ್ಲಿ ಅವನು ಹಾಗೇ ಇರಲಿ.

ಬದಲಾವಣೆ ಯಾವ ಕ್ಷಣದಲ್ಲಿ ಆಗಬೇಕು ಎನ್ನುವುದು ಮುಂದಿನ ಮಾತು. ಬಾರಿನ ಗಡಿಗೆ ಕಾಯುವುದಾದರೆ ಹೆಚ್ಚೆಂದರೆ 1.6 ಸೆಕೆಂಡು, ಸರಾಸರಿ 0.8. ಓದುವಾಗ ಕಡಿಮೆ ಅನಿಸುತ್ತದೆ, ಶತ್ರು ಸೀಲಿಂಗ್ ಒಡೆದು ಕೆಳಗೆ ಹಾರಿದಾಗ ಅದು ತುಂಬಾ ತಡ. ಹಾಗೆಂದು ಕೂಡಲೇ ಬದಲಿಸಿದರೆ ಲಯ ಮುರಿಯುತ್ತದೆ. ಈ ಇಕ್ಕಟ್ಟಿಗೆ ಸ್ಟಿಂಗರ್ ಇದೆ: ಮುಂದಿನ ಬೀಟಿಗೇ, ಅಂದರೆ 0.4 ಸೆಕೆಂಡಿನೊಳಗೆ, ಒಂದು ಜೋರು ಪೆಟ್ಟು. ಅದರ ಬಾಲ ಮುಗಿಯುವಷ್ಟರಲ್ಲಿ ಬಾರಿನ ಗಡಿ ಬಂದು ಪದರಗಳು ಸೇರಿಕೊಂಡಿರುತ್ತವೆ. ಕಿವಿಗೆ ಅದೆಲ್ಲ ಒಂದೇ ಚಲನೆಯಂತೆ ಕೇಳಿಸುತ್ತದೆ. ಸ್ಟಿಂಗರ್ ಯಾವ ಸ್ವರಮೇಳದ ಮೇಲೆ ಬಿದ್ದೀತೋ ಗೊತ್ತಿಲ್ಲವಾದ್ದರಿಂದ ಅದಕ್ಕೆ ಶ್ರುತಿಯಿಲ್ಲದ ದನಿಗಳು ಒಳ್ಳೆಯದು. ಸ್ವರ ಬೇಕೇಬೇಕೆಂದರೆ ಡಿ ಒಂದೇ, ಎರಡು ಮೂರು ಸ್ಥಾಯಿಗಳಲ್ಲಿ. ಫೈಲನ್ನು ಡಿಸ್ಕಿನಿಂದ ಸ್ಟ್ರೀಮ್ ಮಾಡಬೇಡಿ, ಮೆಮೊರಿಯಲ್ಲೇ ಇರಲಿ. ಈ ಸಮಯವನ್ನೆಲ್ಲ ಅಳೆಯಬೇಕಾದದ್ದು ಆಡಿಯೊ ಗಡಿಯಾರದಲ್ಲಿ. ಗೇಮಿನ ಫ್ರೇಮ್ ಲೆಕ್ಕ ಹಿಡಿದರೆ ಸೆಕೆಂಡಿಗೆ 60 ಫ್ರೇಮ್ ಇದ್ದಾಗಲೂ 16.7 ಮಿಲಿಸೆಕೆಂಡಿನಷ್ಟು ತಪ್ಪಬಹುದು, ದೊಡ್ಡ ಸ್ಫೋಟದಲ್ಲಿ ಫ್ರೇಮ್ ಬಿದ್ದರೆ ಇನ್ನೂ ಹೆಚ್ಚು. ಯೂನಿಟಿ ಎಂಬ ಗೇಮ್ ಎಂಜಿನ್‌ನಲ್ಲಿ ವೈಸ್‌ನಂಥ ಮಿಡ್ಲ್‌ವೇರ್ ಇಲ್ಲದೆ ಮಾಡುವವರು ಡಿಎಸ್‌ಪಿ ಟೈಮ್ ಎಂಬ ಆ ಆಡಿಯೊ ಗಡಿಯಾರ ನೋಡಿಕೊಂಡು ಪ್ಲೇ ಶೆಡ್ಯೂಲ್ಡ್ ಬಳಸಬೇಕು, ಬರೀ ಪ್ಲೇ ಸಾಲದು.

ಇನ್ನು ಇಳಿಯುವ ದಾರಿ. ಕೊನೆಯ ಶತ್ರು ಬಿದ್ದ ಕೂಡಲೇ ಮುಕ್ತಾಯ ನುಡಿಸಬಾರದು. ಮುಕ್ತಾಯವೆಂದರೆ ಕಾಳಗ ಮುಗಿಯಿತು ಎಂದು ಮಾತು ಕೊಟ್ಟಂತೆ. ಮೂರು ಸೆಕೆಂಡಿನಲ್ಲಿ ಎರಡನೇ ಅಲೆ ನುಗ್ಗಿದರೆ ಆಡುವವರು ಆಮೇಲೆ ಸಂಗೀತವನ್ನು ನಂಬುವುದಿಲ್ಲ, ನಂಬದ ಸಂಗೀತದಿಂದ ಯಾವ ಭಾವನೆಯೂ ಹುಟ್ಟದು. ಹೀಗಾಗಿ ಅಲೆಗಳ ನಡುವಿಗೆ ಬೇರೆಯೇ ಒಂದು ಸ್ಥಿತಿ ಬೇಕು. ಮೇಲಿನ ಮೂರು ಪದರ ಮುಂದಿನ ಬಾರ್ ಶುರುವಾದಾಗಲೇ ಹೋಗುತ್ತವೆ, ತಳದ ಮಿಡಿತ ಮತ್ತು ಟಾಮ್‌ಗಳು ಉಳಿಯುತ್ತವೆ. ಮುಕ್ತಾಯ ಇಲ್ಲ, ಬರೀ ಕಾಯುವಿಕೆ. ಇನ್ನೊಂದು ಅಲೆ ಬಾಕಿ ಇದೆಯೇ ಎನ್ನುವುದು ಲೆವೆಲ್ ಡಿಸೈನರ್‌ಗೆ ಗೊತ್ತು. ಆ ಒಂದು ಸುಳಿವನ್ನು ಸಂಗೀತ ವ್ಯವಸ್ಥೆಗೆ ಕಳಿಸಲು ಕೇಳಿಕೊಂಡರೆ ಸಾಕು.

ಮೂರನೇ ಅಲೆಯೂ ಮುಗಿದಾಗ ನಿಜವಾದ ಮುಕ್ತಾಯ. ಲೂಪಿನ ಯಾವ ಜಾಗದಲ್ಲಿ ಇದ್ದರೂ ಅಲ್ಲಿಂದ ಹೊರಬರಲು ಬಾಗಿಲಿರಬೇಕು. ನಾಲ್ಕು ಬಾರ್‌ಗೊಂದು ಬಾಗಿಲು ಎಂದಿಟ್ಟರೆ ಹೆಚ್ಚೆಂದರೆ 6.4 ಸೆಕೆಂಡು ಕಾಯಬೇಕು. ಅಷ್ಟರಲ್ಲಿ ಮೇಲಿನ ಪದರಗಳು ಆಗಲೇ ಹೋಗಿರುವುದರಿಂದ ಕಾಯುವುದು ಭಾರವೆನಿಸುವುದಿಲ್ಲ. ಆದರೆ ನಾಲ್ಕು ಬಾರ್‌ಗೊಮ್ಮೆ ಸ್ವರಮೇಳವೂ ಬದಲಾಗುತ್ತದಲ್ಲ, ಪ್ರತಿಯೊಂದಕ್ಕೂ ಬೇರೆ ಮುಕ್ತಾಯ ಬರೆಯಬೇಕೇ? ಬೇಡ, ಸ್ವರಮೇಳಗಳನ್ನೇ ಜಾಣತನದಿಂದ ಆರಿಸಿಕೊಂಡರೆ. ಡಿ ಮೈನರ್, ಬಿ ಫ್ಲ್ಯಾಟ್ ಮೇಜರ್, ಜಿ ಮೈನರ್, ಎ ಸಸ್ ಫೋರ್: ನಾಲ್ಕರಲ್ಲೂ ಡಿ ಸ್ವರ ಇದೆ. ಮುಕ್ತಾಯದ ತುಣುಕು ಉದ್ದನೆಯ ಒಂದು ಡಿಯಿಂದ ಶುರುವಾದರೆ ನಾಲ್ಕು ಕಡೆಯಿಂದಲೂ ಅದು ಸಹಜವಾಗಿ ಹೊರಡುತ್ತದೆ. ನಾಲ್ಕನೆಯದನ್ನು ಎ ಮೈನರ್ ಎಂದು ಇಟ್ಟಿದ್ದರೆ ಆ ಒಂದು ಬಾಗಿಲಲ್ಲಿ ಮಾತ್ರ ಸ್ವರ ಕಚ್ಚಾಡುತ್ತಿತ್ತು, ಆಟ ಆಡಿದ ನಾಲ್ವರಲ್ಲಿ ಒಬ್ಬರಿಗೆ ಏನೋ ಸರಿಯಿಲ್ಲ ಎನಿಸುತ್ತಿತ್ತು, ಕಾರಣ ಹುಡುಕುವುದು ದುಸ್ತರವಾಗುತ್ತಿತ್ತು. ಇಡೀ ಲೆವೆಲ್‌ನಲ್ಲಿ ನನಗೆ ಹೆಚ್ಚು ಖುಷಿ ಕೊಡುವ ಕೆಲಸ ಇದು: ಹೊರಬರುವ ದಾರಿಯನ್ನು ಮನಸ್ಸಿನಲ್ಲಿಟ್ಟುಕೊಂಡು ಒಳಗಿನ ಸ್ವರಮೇಳ ಕಟ್ಟುವುದು.

ಮುಕ್ತಾಯ ಎರಡು ಬಾರ್, ಅದರ ಹಿಂದೆ ಮೂರ್ನಾಲ್ಕು ಸೆಕೆಂಡಿನ ರಿವರ್ಬ್ (ಅನುರಣನ) ಬಾಲ. ಆಮೇಲೆ ಕನಿಷ್ಠ 20 ಸೆಕೆಂಡು ಸಂಗೀತವೇ ಬೇಡ. ಗಾಳಿ, ಹನಿಯುವ ನೀರು, ಆಟಗಾರನ ಹೆಜ್ಜೆ ಸಪ್ಪಳ ಇವಿಷ್ಟೇ ಕೇಳಲಿ. ಈ ಮೌನಕ್ಕಾಗಿ ತಂಡದೊಡನೆ ವಾದಿಸಬೇಕಾಗಿ ಬರುತ್ತದೆ, ವಾದಿಸಿ. ಮುಂದಿನ ಕಾಳಗದ ಮೊದಲ ಪೆಟ್ಟಿಗೆ ಬಲ ಬರುವುದು ಅಲ್ಲಿಂದಲೇ. ಬಾಲ ನುಡಿಯುತ್ತಿರುವಾಗಲೇ ಮತ್ತೆ ಕಾಳಗ ಹೊತ್ತಿಕೊಂಡರೆ ಆರಂಭದ ತುಣುಕನ್ನು ಬಿಟ್ಟು ನೇರ ಲೂಪಿನ ನಡುವಿಗೆ ಹಾರಬೇಕು.

ರೆಂಡರ್ ಮಾಡುವಾಗ ಕೆಡುವುದೇ ಹೆಚ್ಚು. ಎಲ್ಲ ದನಿಗಳೂ ಕೂಡಿ ಹಾದುಹೋಗುವ ಮಾಸ್ಟರ್ ಬಸ್‌ನಲ್ಲಿ ಲಿಮಿಟರ್ (ದನಿ ಮಿತಿ ಮೀರಿ ಜೋರಾಗದಂತೆ ತಡೆಯುವ ಸಾಧನ) ಹಾಕಿಕೊಂಡು ಸಂಯೋಜಿಸಿ, ಅದೇ ಲಿಮಿಟರ್ ಮೂಲಕ ಒಂದೊಂದೇ ಪದರವನ್ನು ಹೊರತೆಗೆದರೆ ಅವು ಮತ್ತೆ ಸೇರಿದಾಗ ಮೂಲ ಮಿಕ್ಸ್ ಸಿಗುವುದಿಲ್ಲ. ಲಿಮಿಟರ್ ತಗ್ಗಿಸಿದ್ದು ಎಲ್ಲದರ ಮೊತ್ತವನ್ನು, ಒಂಟಿ ಪದರವನ್ನಲ್ಲ. ಪರೀಕ್ಷೆ ಸುಲಭ: ಹೊಸ ಪ್ರಾಜೆಕ್ಟಿನಲ್ಲಿ ಐದೂ ಪದರ ಮತ್ತು ಪೂರ್ಣ ಮಿಕ್ಸನ್ನು ಇಟ್ಟು, ಮಿಕ್ಸಿನ ಪೊಲಾರಿಟಿ ತಿರುಗಿಸಿ, ಅಂದರೆ ಅದರ ತರಂಗವನ್ನು ತಲೆಕೆಳಗು ಮಾಡಿ. ಏನೂ ಕೇಳಿಸಬಾರದು. ಕೇಳಿಸಿದರೆ ಎಲ್ಲೋ ಪದರಗಳು ಹಂಚಿಕೊಂಡ ಕಂಪ್ರೆಸರ್ (ಲಿಮಿಟರ್‌ನಂಥದ್ದೇ ಸಾಧನ) ಕೂತಿದೆ, ಹೆಚ್ಚಾಗಿ ರಿವರ್ಬ್ ಬಸ್‌ನಲ್ಲಿ. ಲೂಪಿನ ಕೊನೆಯ ರಿವರ್ಬ್ ಕತ್ತರಿಸಿಹೋಗದಿರಲು ಡಿಎಡಬ್ಲ್ಯೂನಲ್ಲಿ ಲೂಪನ್ನು ಎರಡು ಸಲ ನುಡಿಸಿ ಎರಡನೇ ಸುತ್ತನ್ನು ಮಾತ್ರ ಹೊರತೆಗೆಯುವ ಉಪಾಯವಿದೆ. ಆದರೆ ಆಗ ಮೊದಲ ಸಲ ಶುರುವಾಗುವಾಗ ನುಡಿಯದ ಸ್ವರದ ಬಾಲ ಕೇಳಿಸುತ್ತದೆ. ಆರಂಭದ ತುಣುಕೊಂದು ಅದನ್ನು ಮುಚ್ಚುವಂತಿದ್ದರೆ ಪರವಾಗಿಲ್ಲ. ಇಲ್ಲದಿದ್ದರೆ ಬಾಲವನ್ನು ಫೈಲಿನ ಕೊನೆಯಲ್ಲೇ ಉಳಿಸಿ, ವೈಸ್‌ನ ಎಕ್ಸಿಟ್ ಕ್ಯೂ ಎಂಬ ಗುರುತನ್ನು ಲೂಪಿನ ಗಡಿಯಲ್ಲಿಡಿ. ಅದರಾಚೆಗಿನ ಬಾಲ ಮುಂದಿನ ಸುತ್ತಿನ ಮೇಲೆ ತಾನಾಗಿ ಹರಡಿಕೊಳ್ಳುತ್ತದೆ. ಎಂಪಿ3 ಕೊಡಲೇಬೇಡಿ, ಎನ್ಕೋಡರ್ ತಲೆಗೂ ಬಾಲಕ್ಕೂ ಖಾಲಿ ಸ್ಯಾಂಪಲ್‌ಗಳನ್ನು ಸೇರಿಸುವುದರಿಂದ ಪ್ರತಿ ಸುತ್ತಿಗೂ ಒಂದು ಎಡವು ಇರುತ್ತದೆ. ಐದು ಸ್ಟೀರಿಯೊ ಪದರ, 16 ಬಿಟ್, 51.2 ಸೆಕೆಂಡು ಎಂದರೆ ಸುಮಾರು 49 ಎಂಬಿ. ವಾರ್ಬಿಸ್ ಎಂಬ, ಫೈಲನ್ನು ಕುಗ್ಗಿಸುವ ಫಾರ್ಮ್ಯಾಟ್‌ಗೆ ಇಳಿಸಿದರೆ ಅದರ ಹತ್ತನೇ ಒಂದರ ಆಸುಪಾಸಿಗೆ ಬರುತ್ತದೆ.

ದನಿಯ ಮಟ್ಟದ ವಿಷಯ. ಒಂದಕ್ಕೊಂದು ಸಂಬಂಧವಿಲ್ಲದ ಐದು ಪದರಗಳು ಸಮನಾದ ಮಟ್ಟದಲ್ಲಿ ಸೇರಿದರೆ ಒಟ್ಟು 7 ಡೆಸಿಬೆಲ್ ಏರುತ್ತದೆ. ಅಷ್ಟು ಜಾಗ ಮೊದಲೇ ಬಿಟ್ಟಿರಬೇಕು. ಅದಕ್ಕಿಂತ ಒಳ್ಳೆಯದೆಂದರೆ ತೀವ್ರತೆಯನ್ನು ಜೋರಿನಿಂದ ತೋರಿಸದೆ, ಸ್ವರಗಳ ಒತ್ತೊತ್ತು, ಸ್ಥಾಯಿ, ದನಿಯ ಹೊಳಪು ಇವುಗಳಿಂದ ತೋರಿಸುವುದು. ಸಂಗೀತ ಜೋರಾದರೆ ಸೌಂಡ್ ಎಫೆಕ್ಟ್ಸ್ ಮಾಡುವವರು ಗುಂಡಿನ ಸದ್ದನ್ನು ಏರಿಸುತ್ತಾರೆ, ನಾವು ಮತ್ತೆ ಏರಿಸುತ್ತೇವೆ, ಕಡೆಗೆ ಯಾರದ್ದೂ ಕೇಳಿಸುವುದಿಲ್ಲ. ಗುಂಡಿನ ಸದ್ದಿನ ಚುರುಕು, ಮಾತಿನ ವ್ಯಂಜನಗಳು ಹೆಚ್ಚಾಗಿ ಇರುವುದು 2ರಿಂದ 5 ಕಿಲೋಹರ್ಟ್ಸ್ ನಡುವೆ. ಗಿಟಾರ್ ಅಲ್ಲಿ ಸ್ವಲ್ಪ ಬಗ್ಗಲಿ. ಗುಂಡು ಹಾರಿದಾಗ ಸಂಗೀತ ತಾನಾಗಿ ತಗ್ಗುವಂತೆ ಮಾಡುವುದಾದರೆ 3 ಡೆಸಿಬೆಲ್ ಸಾಕು, ಆದರೆ ಪ್ರತಿ ಗುಂಡಿಗೂ ತಗ್ಗಿ ಏರಿದರೆ ಮೆಷಿನ್ ಗನ್ ಹೊಡೆಯುವಾಗ ಸಂಗೀತ ನಡುಗುತ್ತದೆ. ತಗ್ಗಿದ ಮೇಲೆ 300 ಮಿಲಿಸೆಕೆಂಡು ಹಾಗೇ ಹಿಡಿದಿಟ್ಟು, 600ರಲ್ಲಿ ಬಿಡಲಿ.

ಆಟವನ್ನು ತಡೆಹಿಡಿಯುವ ಪಾಜ್ ಬಟನ್ ಒತ್ತಿದಾಗ ಸಂಗೀತ ನಿಲ್ಲಿಸುವುದಕ್ಕಿಂತ ಲೋ ಪಾಸ್ ಫಿಲ್ಟರ್ (ಮೇಲಿನ ಸ್ಥಾಯಿಯ ದನಿಗಳನ್ನು ತಡೆಯುವಂಥದ್ದು) ಹಾಕಿ ದೂರಕ್ಕೆ ತಳ್ಳುವುದು ಚೆನ್ನ. ಆದರೆ ಅಂಕವನ್ನು ಇಳಿಸುವ ಟೈಮರುಗಳೂ, ಆ 15 ಸೆಕೆಂಡಿನ ಲೆಕ್ಕವೂ ಪಾಜ್‌ನಲ್ಲಿ ನಿಂತಿರಬೇಕು. ಇಲ್ಲದಿದ್ದರೆ ಆಡುವವರು ನೀರು ಕುಡಿದು ಬರುವಷ್ಟರಲ್ಲಿ ಕಾಳಗದ ನಡುವೆಯೇ ಮುಕ್ತಾಯ ನುಡಿದಿರುತ್ತದೆ. ಸತ್ತು ಮತ್ತೆ ಚೆಕ್‌ಪಾಯಿಂಟಿನಿಂದ ಶುರು ಮಾಡುವವರನ್ನೂ ನೆನೆಯಿರಿ. ಕಷ್ಟದ ಲೆವೆಲ್‌ನಲ್ಲಿ ಅವರು ಲೂಪಿನ ಮೊದಲ ಹತ್ತು ಸೆಕೆಂಡನ್ನೇ ಮತ್ತೆ ಮತ್ತೆ ಕೇಳುತ್ತಿರುತ್ತಾರೆ. ಲೂಪಿನೊಳಗೆ ಬರಲು 1, 9, 17, 25ನೇ ಬಾರುಗಳಲ್ಲಿ ನಾಲ್ಕು ಪ್ರವೇಶಗಳಿಟ್ಟು, ಪ್ರತಿ ಸಲ ಹಿಂದಿನದಲ್ಲದ ಒಂದನ್ನು ಆರಿಸುವಂತೆ ಮಾಡಿ.

ಪರೀಕ್ಷೆಗೆ ಮೂರು ಬಗೆಯ ಆಟ ಬೇಕು. ಎಲ್ಲರನ್ನೂ ಬೇಗ ಮುಗಿಸುವ ಚುರುಕಿನ ಆಟ. ಕಾಳಗದ ನಡುವೆ ಹತ್ತು ನಿಮಿಷ ಮರೆಯಲ್ಲಿ ಕೂತುಬಿಡುವ ಆಟ. ಹಾಲ್‌ನ ಬಾಗಿಲಲ್ಲಿ ಒಳಗೆ ಹೊರಗೆ ಒಳಗೆ ಹೊರಗೆ ಓಡಾಡುವ ಆಟ. ಮೂರಕ್ಕೂ ಪ್ರೊಫೈಲರ್ (ಒಳಗೆ ಏನೇನು ನಡೆಯಿತು ಎಂದು ದಾಖಲಿಸುವ ಸಾಧನ) ಚಾಲೂ ಇಟ್ಟು, ಯಾವ ಬಾರಿನಲ್ಲಿ ಯಾವ ಬದಲಾವಣೆ ಆಯಿತು ಎನ್ನುವ ದಾಖಲೆ ತೆಗೆದುಕೊಳ್ಳಿ. ನಾನು ಮೊದಲು ನೋಡುವುದು ಐದನೇ ಪದರ ಎಷ್ಟು ಹೊತ್ತು ಇತ್ತು ಎನ್ನುವುದನ್ನು. ಕಾಳಗದ ಐದನೇ ಒಂದು ಭಾಗಕ್ಕಿಂತ ಹೆಚ್ಚು ಹೊತ್ತು ಅದೇ ನುಡಿಯುತ್ತಿದ್ದರೆ ಗೆರೆ ತೀರ ಕೆಳಗಿದೆ. 88 ಅನ್ನು 94ಕ್ಕೆ ಒಯ್ದು ಮತ್ತೆ ಆಡಿಸಬೇಕು. ಆ ಅಂಕಗಳನ್ನೆಲ್ಲ ಕೋಡಿನೊಳಗೆ ಹೂತಿಡದೆ ಸಂಗೀತದವರ ಕೈಗೆ ಸಿಗುವ ಒಂದು ಪಟ್ಟಿಯಲ್ಲಿ ಇಡುವಂತೆ ಮೊದಲ ವಾರವೇ ಕೇಳಿಕೊಳ್ಳಿ. ಲೆವೆಲ್ ಡಿಸೈನರ್ ಕೊನೆಯ ಗಳಿಗೆಯಲ್ಲಿ ಎರಡನೇ ಅಲೆಗೆ ಇನ್ನಿಬ್ಬರು ಶತ್ರುಗಳನ್ನು ಸೇರಿಸಿಯೇ ಸೇರಿಸುತ್ತಾರೆ. ಆಗ ಸಂಗೀತದ ಒಂದು ಸ್ವರವೂ ಬದಲಾಗಬೇಕಿಲ್ಲ, ಪಟ್ಟಿಯ ನಾಲ್ಕು ಸಂಖ್ಯೆ ತಿದ್ದಿದರೆ ಆಯಿತು.